ಭಾನುವಾರ ಬಾಗಿಲು ತೆರೆಯುವವರು

ಸ್ಟುಟ್‌ಗಾರ್ಟ್‌ನ ಹಳೆಯ ವಠಾರವೊಂದರಲ್ಲಿ ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಎರಡನೇ ಮಹಡಿಯ ಬಾಗಿಲ ಹಿಂದೆ ನಿಂತು ಎಬರ್‌ಹಾರ್ಟ್ ನೇಗೆಲೆ ಬೆಣ್ಣೆ ಸವರಿದ ಬ್ರೆಟ್ಸೆಲ್ ಬ್ರೆಡ್ಡು ತಿನ್ನುತ್ತಿದ್ದಾರೆ. ಮೈಮೇಲೆ ಮೊಣಕೈ ಸವೆದ ಉಣ್ಣೆಯ ಅಂಗಿ. ಹೊರಗೆ ಮೆಟ್ಟಿಲ ಮೇಲೆ ಕ್ಯಾಮೆರಾ, ದೀಪ, ವೈರುಗಳ ಗೋಜಲು. ಇನ್ನೇನು ಬೆಲ್ ಆಗುತ್ತದೆ, ಅವರು ಬಾಗಿಲು ತೆರೆಯಬೇಕು.

ಮೂವತ್ತು ವರ್ಷಗಳಿಂದ ಅವರ ಕಸುಬೇ ಇದು. ಭಾನುವಾರ ಸಂಜೆ ಇಡೀ ದೇಶ ಟೀವಿಯ ಪತ್ತೇದಾರಿ ಧಾರಾವಾಹಿಯ ಮುಂದೆ ಕೂತು ಕೊಲೆಗಾರನನ್ನು ಹುಡುಕುವಾಗ, ಪೊಲೀಸರಿಗೆ ಬಾಗಿಲು ತೆರೆಯುವ ನೆರೆಮನೆಯವನೋ ಮನೆ ಮಾಲೀಕನೋ ನೇಗೆಲೆಯವರೇ ಆಗಿರುತ್ತಾರೆ. ಮುಖ ಎಲ್ಲರಿಗೂ ಗೊತ್ತು, ಹೆಸರು ಯಾರಿಗೂ ಗೊತ್ತಿಲ್ಲ. "ಬೇಕರೀಲಿ ಒಬ್ಬಾಕೆ, 'ನಮ್ಮನೆ ಪೈಪು ರಿಪೇರಿ ಮಾಡಿದೋರು ನೀವೇ ಅಲ್ವಾ, ಮತ್ತೆ ಸೋರ್ತಿದೆ' ಅಂದ್ಲು. ನಾಳೆ ಬರ್ತೀನಿ ಅಂದೆ" ಎಂದು ನಗುತ್ತಾರೆ.

ಹರೆಯದಲ್ಲಿ ರಂಗದ ಮೇಲೆ ರಾಜನ ಪಾರ್ಟು ಮಾಡಿ ಮೆರೆದವರು ಇವರು. ಆ ರಂಗಮಂದಿರ ಮುಚ್ಚಿತು. ಕರೆ ಬಾರದ ತಿಂಗಳುಗಳಲ್ಲಿ ಭಾವಮೈದುನನ ದ್ರಾಕ್ಷಿ ತೋಟದಲ್ಲಿ ಕತ್ತರಿ ಹಿಡಿದರು. ಮನೆ ನಡೆದದ್ದು ನರ್ಸ್ ಆಗಿದ್ದ ಹೆಂಡತಿ ಗುಡ್ರುನ್ ದುಡಿದದ್ದರಿಂದ. ಆಕೆಯ ದೂರು ಒಂದೇ: "ಮನೇಲಿ ಬೆಲ್ ಆದ್ರೆ ಮಾತ್ರ ಈ ಮನುಷ್ಯ ಏಳೋದೇ ಇಲ್ಲ."

ಇಂದಿನ ಪಾರ್ಟು ಬೇರೆ. ಇವರು ಕೊಲೆಯಾದ ಹುಡುಗಿಯ ತಂದೆ, ಪೊಲೀಸರು ಸುದ್ದಿ ತರುತ್ತಾರೆ, ಆಗ ಒಂದು ಪುಟದ ಮಾತು. ಇಷ್ಟು ವರ್ಷಗಳಲ್ಲಿ ಸಿಕ್ಕ ಮೊದಲ ಉದ್ದನೆಯ ಮಾತು. ಗುಡ್ರುನ್ ಆಲೂಗಡ್ಡೆ ಸುಲಿಯುವಾಗಲೆಲ್ಲ ಆಕೆಯ ಎದುರು ನಿಂತು ಅದನ್ನು ಒಪ್ಪಿಸಿದ್ದಾರೆ.

ಅಷ್ಟರಲ್ಲಿ ಹಾಂಬುರ್ಗ್ ಕಡೆಯ ನಿರ್ದೇಶಕಿ ಮರೈಕೆ ಒಳಗೆ ಬರುತ್ತಾಳೆ. "ಕಂತು ಉದ್ದ ಆಗಿದೆ, ಎಬರ್‌ಹಾರ್ಟ್. ಮಾತು ತೆಗೆದಿದೀವಿ. 'ಹೌದಾ' ಅಂದ್ರೆ ಸಾಕು, ಆಮೇಲೆ ಕ್ಯಾಮೆರಾ ಪೊಲೀಸರ ಮುಖಕ್ಕೆ ಹೋಗುತ್ತೆ."

ಉಳಿದ ಬ್ರೆಟ್ಸೆಲ್ ಅನ್ನು ನೇಗೆಲೆ ಕಾಗದದಲ್ಲಿ ಸುತ್ತಿ ಪಕ್ಕಕ್ಕಿಡುತ್ತಾರೆ. ಅವಮಾನವೆನಿಸುತ್ತದೆ. ಬಾಗಿಲಿಗೆ ತೂಗುಹಾಕಿದ ಪುಟ್ಟ ಹಲಗೆಯನ್ನೇ ನೋಡುತ್ತ ನಿಲ್ಲುತ್ತಾರೆ. ಅದು ಯಾರ ಬಾಗಿಲಲ್ಲಿದೆಯೋ ಆ ವಾರ ಮೆಟ್ಟಿಲು ಗುಡಿಸುವ ಸರದಿ ಅವರದು. ಈ ಊರಿನಲ್ಲಿ ಪ್ರಾರ್ಥನೆ ತಪ್ಪಿದರೂ ಅದು ತಪ್ಪುವಂತಿಲ್ಲ.

"ಮಾತು ಬೇಡ ಬಿಡು. ಆದ್ರೆ ಈ ವಾರ ಗುಡಿಸೋ ಸರದಿ ಈ ಅಪ್ಪನದು. 'ಹೌದಾ' ಅಂದ್ಮೇಲೆ ಗುಡಿಸ್ಲಾ?"

"ಮಗಳು ಸತ್ತಿದಾಳೆ. ಯಾರಾದ್ರೂ ಕಸ ಗುಡಿಸ್ತಾರಾ?"

"ಇನ್ನೇನು ಮಾಡ್ತಾನೆ ಪಾಪ? ಕೈಗೆ ಗೊತ್ತಿರೋದು ಅದೊಂದೇ."

ಮರೈಕೆ ಗಡಿಯಾರ ನೋಡುತ್ತಾಳೆ. "ಒಂದೇ ಸಲ. ಹಿಡಿಸದಿದ್ರೆ ನಾನು ಹೇಳಿದ ಹಾಗೇ ಮಾಡ್ಬೇಕು."

ಬೆಲ್ ಆಗುತ್ತದೆ. ಬಾಗಿಲು ತೆರೆಯುತ್ತದೆ. ಸುದ್ದಿ ಕೇಳಿ ನೇಗೆಲೆ "ಹೌದಾ" ಎನ್ನುತ್ತಾರೆ. ಮೂಲೆಯ ಪೊರಕೆ ತೆಗೆದುಕೊಂಡು ಇಬ್ಬರು ಪೊಲೀಸರ ನಡುವೆ ನುಸುಳಿ ಮೇಲಿನ ಮೆಟ್ಟಿಲಿನಿಂದ ಗುಡಿಸತೊಡಗುತ್ತಾರೆ. ಒಬ್ಬ ಪೊಲೀಸ್ ತನಗೇ ತಿಳಿಯದೆ ಕಾಲೆತ್ತಿ ಜಾಗ ಬಿಡುತ್ತಾನೆ. ತಿರುವಿನಲ್ಲಿ ಗುಡಿಸಿದ ಮೂಲೆಯನ್ನೇ ಮತ್ತೆ ಮತ್ತೆ ಗುಡಿಸುತ್ತಾರೆ. ಪೊಲೀಸರ ಮುಖಕ್ಕೆ ಹೋಗಬೇಕಿದ್ದ ಕ್ಯಾಮೆರಾ ಪೊರಕೆಯ ಹಿಂದೆಯೇ ಇಳಿಯುತ್ತದೆ. ಪೊರಕೆ ಕೆಳಗಿನ ಮಹಡಿ ಮುಟ್ಟಿದ ಮೇಲೆಯೇ ಮರೈಕೆ ಸಾಕು ಎನ್ನುತ್ತಾಳೆ.

"ನೇಗೆಲೆಯವರ ಕೆಲಸ ಮುಗೀತು" ಎಂದು ಸಹಾಯಕ ನಿರ್ದೇಶಕ ಕೂಗುತ್ತಾನೆ. ಪಾರ್ಟು ಮುಗಿಸಿದವರಿಗೆ ಚಪ್ಪಾಳೆ ತಟ್ಟುವುದು ಇಲ್ಲಿಯ ರೂಢಿ. ದಿನವೂ ವೈರು ಸುತ್ತುತ್ತಲೇ ತಟ್ಟುತ್ತಾರೆ. ಇಂದು ದೀಪದವರೂ ಕೈಯಲ್ಲಿದ್ದದ್ದನ್ನು ಕೆಳಗಿಟ್ಟಿದ್ದಾರೆ. ಮರೈಕೆ ಮೂಗು ಒರೆಸಿಕೊಳ್ಳುತ್ತಾಳೆ. "ಪೊಲೀಸರ ಮುಖ ಬೇಡ. ಇದೇ ಇರ್ಲಿ."

ನೇಗೆಲೆ ಗುಡಿಸಿದ ಧೂಳನ್ನು ಮೊರಕ್ಕೆ ಎಳೆದುಕೊಳ್ಳುತ್ತಿದ್ದಾರೆ. ಇನ್ನೇನಾದರೂ ಆಸೆ ಉಳಿದಿದೆಯೇ ಎಂದು ಕೇಳಿದರೆ ಪೊರಕೆಯ ಮೇಲೆ ಭಾರ ಹಾಕಿ ಯೋಚಿಸುತ್ತಾರೆ.

"ಒಂದು ಸಲ ಬೆಲ್ ಒತ್ತೋ ಪಾರ್ಟು ಸಿಗ್ಲಿ. ಬಾಗಿಲು ಬೇರೆ ಯಾರಾದ್ರೂ ತೆಗೀಲಿ."