ಮೆಸಯೀದಿಗೆ ಗಾಳಿಯನ್ನು ಒಯ್ದದ್ದು

ಅಲ್ ಥುಮಾಮಾದ ಮನೆಯಿಂದ ನಾವು ಹೊರಟದ್ದು ಶುಕ್ರವಾರ ಮಧ್ಯಾಹ್ನ ಒಂದೂ ನಲವತ್ತಕ್ಕೆ. ನನ್ನ ನೋಟ್‌ಬುಕ್ಕಿನಲ್ಲಿ ಹಾಗಿದೆ. ಬೆನ್ನಿ ಎರಡು ಗಂಟೆ ಎನ್ನುತ್ತಾನೆ. ಕಾಲೇಜಿನಲ್ಲಿ ಇಪ್ಪತ್ತೆರಡು ವರ್ಷ ಇತಿಹಾಸ ಪಾಠ ಮಾಡಿದ ಮೇಲೆ ನನಗೆ ಯಾರ ನೆನಪಿನ ಮೇಲೂ ನಂಬಿಕೆ ಉಳಿದಿಲ್ಲ, ನನ್ನದರ ಮೇಲಂತೂ ಇಲ್ಲವೇ ಇಲ್ಲ. ಹಾಗಾಗಿ ಪ್ರವಾಸದಲ್ಲಿ ಎಲ್ಲವನ್ನೂ ಆಗಿಂದಾಗಲೇ ಬರೆದಿಡುತ್ತೇನೆ, ಫೋಟೋ ತೆಗೆದಿಡುತ್ತೇನೆ. ಆ ದಿನ ನಮ್ಮನ್ನು ಕಷ್ಟಕ್ಕೆ ಸಿಕ್ಕಿಸಿದ್ದು ಅಂಥದೊಂದು ಫೋಟೋವೇ.

ಬೆನ್ನಿ ನನ್ನ ತಂಗಿ ಲವೀನಾಳ ಗಂಡ. ಮೆಸಯೀದಿನ ಒಂದು ಕಾರ್ಖಾನೆಯಲ್ಲಿ ಪೈಪು, ಟ್ಯಾಂಕುಗಳಿಗೆ ಬಣ್ಣ ಸರಿಯಾಗಿ ಬಳಿದಿದ್ದಾರೆಯೇ ಎಂದು ಪರೀಕ್ಷಿಸುವ ಇನ್‌ಸ್ಪೆಕ್ಟರ್. ಅಲ್ಲಿ ಅವನ ಜೊತೆ ಹದಿನೈದು ವರ್ಷ ಕೆಲಸ ಮಾಡಿದ ಚೀನಾದ ಎಂಜಿನಿಯರ್ ಮಿಸ್ಟರ್ ಶೆನ್ ನಿವೃತ್ತರಾಗಿ ಭಾನುವಾರ ಊರಿಗೆ ಹೊರಡುವವರಿದ್ದರು. ಅವರ ಗೋಡೆಯ ಮೇಲೆ ವರ್ಷಗಟ್ಟಲೆ ಸೆಲ್ಲೋಟೇಪಿನಲ್ಲಿ ನಿಂತಿದ್ದ ಒಂದು ಹಾಳೆ, ಅವರ ತೀರಿಹೋದ ಗುರು ಕುಂಚದಿಂದ ಬರೆದ ಒಂದೇ ಒಂದು ದೊಡ್ಡ ಅಕ್ಷರ. ಅದಕ್ಕೆ ಫ್ರೇಮ್ ಹಾಕಿಸಿಕೊಡು ಎಂದು ಬೆನ್ನಿಗೆ ಕೊಟ್ಟಿದ್ದರು. ಅದನ್ನು ತಲುಪಿಸುವುದೇ ನಮ್ಮ ಪ್ರಯಾಣ. ನಾನು ಊರಿನಿಂದ ಗಲ್ಫಿಗೆ, ತಂಗಿಯ ಮನೆಗೆ ರಜೆಗೆ ಬಂದವಳು. ಮರುಭೂಮಿ ನೋಡಿದ ಹಾಗಾಯಿತು ಎಂದು ಕಾರು ಹತ್ತಿದೆ.

ಮೊದಲು ಅಲ್ ಮನ್ಸೂರಾದ ಅಂಗಡಿಯಿಂದ ಫ್ರೇಮ್ ತೆಗೆದುಕೊಳ್ಳಬೇಕಿತ್ತು. ಸೆಪ್ಟೆಂಬರ್ ಕೊನೆ, ನಲವತ್ತು ಡಿಗ್ರಿ. ಕಾರಿನಿಂದ ಇಳಿದ ಕೂಡಲೇ ಕನ್ನಡಕ ಮಂಜಾಗಿ ನಾನು ಫ್ರೇಮಿನ ಅಂಗಡಿ ಬಿಟ್ಟು ಪಕ್ಕದ ಮನಿ ಎಕ್ಸ್‌ಚೇಂಜಿನ ಬಾಗಿಲು ನೂಕಿದೆ. ಫ್ರೇಮ್ ಚೆನ್ನಾಗಿತ್ತು. ಎದುರಿನ ಹೋಟೆಲಿನಲ್ಲಿ ಗೋಳಿಬಜೆ ತರಿಸಿ, ಫ್ರೇಮನ್ನು ಕುರ್ಚಿಯ ಮೇಲೆ ಅತಿಥಿಯ ಹಾಗೆ ಕೂರಿಸಿಕೊಂಡೆವು.

"ಮೊನ್ನೆ ಇಷ್ಟು ಕಪ್ಪಿರಲಿಲ್ಲ ಅಲ್ವಾ ಬೆನ್ನಿ?" ಎಂದೆ. ನನ್ನ ಕಣ್ಣನ್ನು ನಂಬದೆ, ಬೆನ್ನಿ ಆ ಹಾಳೆಯನ್ನು ಮನೆಗೆ ತಂದಾಗ ಮಂಗಳವಾರ ತೆಗೆದ ಫೋಟೋ ತೆರೆದೆ. ಫೋಟೋದ ಅಕ್ಷರದಲ್ಲಿ ಕಪ್ಪು ಗೆರೆಗಳ ನಡುವೆ ಒಣ ಕುಂಚ ಎಳೆದಂಥ ಬಿಳಿ ಸೀಳುಗಳಿದ್ದವು. ಕುರ್ಚಿಯ ಮೇಲಿನದರಲ್ಲಿ ಇರಲಿಲ್ಲ.

ಬೆನ್ನಿ ಹೆಮ್ಮೆಯಿಂದ ನಕ್ಕ. "ಅಂಗಡಿಗೆ ಕೊಡುವ ಮೊದಲು ನಾನೇ ಟಚ್‌ಅಪ್ ಮಾಡಿದ್ದು ಟೀಚರ್. ಪಾಪ, ಆ ಮುದುಕ ಗುರುವಿಗೆ ಮಸಿ ಸಾಲದೆ ಹನ್ನೊಂದು ಕಡೆ ಬಿಟ್ಟುಹೋಗಿದೆ. ಅಂಥದಕ್ಕೆ ನಮ್ಮ ಪೇಂಟಿಂಗ್ ಕೆಲಸದಲ್ಲಿ ಹಾಲಿಡೇ ಅಂತ ಹೇಳೋದು. ಶೆನ್ ಊರಿಗೆ ಹೋಗಿ ನಾಲ್ಕು ಜನರಿಗೆ ತೋರಿಸ್ಬೇಡ್ವಾ? ಪೈಪಿಗೆ ಬರೆಯುವ ಮಾರ್ಕರ್. ಆಸಿಡ್ ಹಾಕಿದ್ರೂ ಹೋಗೋದಿಲ್ಲ."

ಆ ಅಕ್ಷರದ ಅರ್ಥವೇನೆಂದು ತಿಳಿಯಲು ನಾನು ಫೋಟೋವನ್ನು ಫೋನಿನಲ್ಲಿ ಹುಡುಕಿದೆ. 'ಗಾಳಿ' ಎಂದು ಬಂತು. ಹಾಗೇ ಕೆಳಗೆ ಓದುತ್ತಾ ಹೋದೆ, ಓದಬಾರದಿತ್ತು. ಆ ಬಿಳಿ ಸೀಳುಗಳಿಗೆ 'ಹಾರುವ ಬಿಳಿ' ಎಂದು ಹೆಸರು. ಕುಂಚ ಎಷ್ಟು ವೇಗದಲ್ಲಿ ಹೋಯಿತು, ಬರೆದವನ ಕೈ ಎಷ್ಟು ಪಳಗಿದೆ ಎಂಬುದು ಕಾಣುವುದೇ ಅಲ್ಲಿ. ಬರೆದ ಗೆರೆಯ ಮೇಲೆ ಮತ್ತೆ ಕೈಯಾಡಿಸುವುದು ಆ ವಿದ್ಯೆಯಲ್ಲಿ ಮೊದಲ ದಿನವೇ ನಿಷೇಧ.

ಗಟ್ಟಿಯಾಗಿ ಓದಿ ಹೇಳಿದೆ. ಬೆನ್ನಿಯ ಕೈಯಲ್ಲಿದ್ದ ಗೋಳಿಬಜೆ ಚಟ್ನಿಗೆ ಬಿತ್ತು.

"ಖಲಾಸ್," ಎಂದ. "ಹದಿನೈದು ವರ್ಷ ಟೀಚರ್. ನನಗೆ ಕೊರೊನಾ ಬಂದು ಕಂಪನಿ ರೂಮಿನಲ್ಲಿ ಕೂಡಿಹಾಕಿದಾಗ ದಿನಾ ಬಾಗಿಲಿಗೆ ಸೂಪ್ ತಂದಿಟ್ಟವರು. ಈಗ ನನ್ನ ಮುಖ ನೋಡದೆ ಹೋಗ್ತಾರೆ."

ಮೆಸಯೀದಿಗೆ ನಲವತ್ತು ಚಿಲ್ಲರೆ ಕಿಲೋಮೀಟರ್. ಎರಡೂ ಕಡೆ ಬಿಸಿಲಿಗೆ ಬಿಳುಚಿದ ಮರಳು, ವಿದ್ಯುತ್ ಕಂಬಗಳು, ದೂರದಲ್ಲಿ ಕಾರ್ಖಾನೆಯ ಜ್ವಾಲೆ. ಮರುಭೂಮಿಯ ಬಗ್ಗೆ ನನ್ನ ನೋಟ್‌ಬುಕ್ಕಿನಲ್ಲಿರುವುದು ಇಷ್ಟೇ, ಏಕೆಂದರೆ ಬೆನ್ನಿ ದಾರಿಯುದ್ದಕ್ಕೂ ನೆಪಗಳನ್ನು ತಯಾರಿಸುತ್ತಿದ್ದ.

"ಸೆಕೆಗೆ ಮಸಿ ಕರಗಿ ಹರಡಿತು ಅಂದ್ರೆ?"

"ಹನ್ನೊಂದು ಕಡೆಯೂ ಗೆರೆ ದಾಟದೆ ಹರಡಿತಾ?"

"ನೀಟಾಗಿ ಮಾಡಿದ್ದೇ ತಪ್ಪಾಯ್ತಲ್ಲ ಮಾರಾಯ್ರೆ!"

ಶೆನ್ ಅವರದು ಕಂಪನಿ ವಸತಿಯ ಒಂದೇ ಕೋಣೆ. ಕಟ್ಟಿದ ಸೂಟ್‌ಕೇಸುಗಳ ನಡುವೆ ಸಣ್ಣಗಿನ ಮನುಷ್ಯ, ಬನಿಯನ್, ನೀಲಿ ಪ್ಯಾಂಟು. ಮೇಜಿನ ಮೇಲೆ ಕುಂಚ, ಮಸಿ, ಹಳೆಯ ಪತ್ರಿಕೆಗಳ ರಾಶಿ. ಕೆಲಸ ಮುಗಿಸಿ ಬಂದು ದಿನಕ್ಕೊಂದು ಗಂಟೆ ಪತ್ರಿಕೆಯ ಮೇಲೆ ಗೆರೆ ಎಳೆಯುವುದು ಅವರ ಅಭ್ಯಾಸವಂತೆ. "ಯಲ್ಲಾ, ಯಲ್ಲಾ, ಕಮ್," ಎಂದು ಫ್ರೇಮ್ ಇಸಿದುಕೊಂಡು ಗೋಡೆಗೆ ಒರಗಿಸಿದರು. ಹಿಂದೆ ಸರಿದು ನೋಡಿದರು. ಮುಂದೆ ಬಂದು ನೋಡಿದರು.

"ತುಂಬಾ ಕಪ್ಪು," ಎಂದರು ಇಂಗ್ಲಿಷಿನಲ್ಲಿ. "ನನ್ನ ನೆನಪಿನಲ್ಲಿ ಇಷ್ಟು ಕಪ್ಪಿಲ್ಲ. ವಯಸ್ಸು, ಬೆನ್ನಿ. ಕಣ್ಣು ಖಲಾಸ್."

ಬೆನ್ನಿ ನನ್ನ ಕಡೆ ನೋಡಿದ. ಆಮೇಲೆ ನಾನು ಆಡಿದ ಮಾತನ್ನು ಇಲ್ಲಿ ಬಿಟ್ಟುಬಿಡಬಹುದಿತ್ತು, ನೋಟ್‌ಬುಕ್ಕಿನಲ್ಲೂ ಬರೆದಿಲ್ಲ. "ನೆನಪು ಹಾಗೇ ಮಿಸ್ಟರ್ ಶೆನ್," ಎಂದೆ, ತರಗತಿಯ ದನಿಯಲ್ಲಿ. "ದಿನಾ ಕಾಣುವುದನ್ನು ನಾವು ನಿಜವಾಗಿ ನೋಡಿರುವುದಿಲ್ಲ. ಮನಸ್ಸು ತನಗೆ ಬೇಕಾದ ಹಾಗೆ ತಿದ್ದಿಕೊಳ್ಳುತ್ತದೆ." ಅದೇ ಮನುಷ್ಯನ ನೆನಪು ಸರಿ ಎಂದು ರುಜುವಾತು ಮಾಡುವ ಫೋಟೋ ಆಗ ನನ್ನ ಚೀಲದಲ್ಲಿದ್ದ ಫೋನಿನಲ್ಲೇ ಇತ್ತು.

ಅವರು ಪಾಪ ತಲೆಯಾಡಿಸಿದರು. ನಂಬಿದರು. ನಾವು ಗೆದ್ದಿದ್ದೆವು.

"ಇಲ್ಲ ಶೆನ್," ಎಂದ ಬೆನ್ನಿ. "ನೆನಪು ಸರಿ ಉಂಟು. ನಾನೇ ತುಂಬಿಸಿದ್ದು. ಮಾರ್ಕರಿನಲ್ಲಿ. ಮಸಿ ಸಾಲಲಿಲ್ಲ ಅಂದ್ಕೊಂಡೆ."

ಶೆನ್ ಕೆಟಲಿಗೆ ನೀರು ಹಾಕಿ ನಮ್ಮಿಬ್ಬರಿಗೂ ಚಹಾ ಕೊಟ್ಟರು. "ನನಗೆ ಸಿಟ್ಟು ಬಂದಿದೆ. ಕುಡಿ," ಎಂದರು. ಹಾಲಿಲ್ಲದ, ಸಕ್ಕರೆಯಿಲ್ಲದ, ನಾಲಿಗೆ ಸುಡುವ ಚಹಾ. ಇಬ್ಬರೂ ಗುಟುಕರಿಸಿದೆವು.

"ಬೆನ್ನಿ, ಈ ಹಾರುವ ಬಿಳಿ ಹೇಗೆ ಬಂತು ಗೊತ್ತಾ? ತುಂಬಾ ಹಿಂದೆ, ಹಾನ್ ರಾಜರ ಕಾಲ. ಒಬ್ಬ ದೊಡ್ಡ ಪಂಡಿತ ಅರಮನೆಗೆ ಬಂದ. ಬಾಗಿಲಲ್ಲಿ ಒಬ್ಬ ಕೂಲಿಯವನು ಪೊರಕೆಯಲ್ಲಿ ಸುಣ್ಣ ಬಳಿಯುತ್ತಿದ್ದ. ಪೊರಕೆ ಒಣಗಿ ಗೆರೆಗೆರೆಯಾಗಿ ಗೋಡೆ ಕಾಣುತ್ತಿತ್ತು. ಪಂಡಿತ ನಿಂತ, ನೋಡಿದ, ಮನೆಗೆ ಹೋಗಿ ಕುಂಚದಲ್ಲಿ ಹಾಗೇ ಬರೆದ. ಹಾಗೆ ಕಥೆ." ಅವರು ಬೆನ್ನಿಯತ್ತ ಬೆರಳು ತೋರಿಸಿದರು. "ಪುಣ್ಯ, ಆ ದಿನ ಅಲ್ಲಿ ಪೇಂಟಿಂಗ್ ಇನ್‌ಸ್ಪೆಕ್ಟರ್ ಮಾಫಿ, ಇರಲಿಲ್ಲ!"

ನಾನು ನಗಬಾರದಿತ್ತು. ಚಹಾ ಮೂಗಿಗೆ ಹೋಯಿತು.

"ಇದು ಗಾಳಿ," ಎಂದರು ಅಕ್ಷರದತ್ತ ತಿರುಗಿ. "ನನ್ನ ಗುರು ಒಂದೇ ಉಸಿರಿನಲ್ಲಿ ಬರೆದದ್ದು. ನೀನು ಕಿಟಕಿ ಎಲ್ಲಾ ಮುಚ್ಚಿದೆ. ಈಗ ಇದು ಎಸಿ ರೂಮ್. ತೋರಿಸು, ಎಲ್ಲೆಲ್ಲಿ?"

ಬೆನ್ನಿ ಗಾಜಿನ ಮೇಲೆ ಬೆರಳಿಟ್ಟು ಒಂದೊಂದಾಗಿ ತೋರಿಸಿದ. ಹನ್ನೊಂದು. ಶೆನ್ ಒಂದೊಂದಕ್ಕೂ ನಾಲಿಗೆಯಲ್ಲಿ 'ಚ್' ಎಂದರು. ಆಮೇಲೆ ಕನ್ನಡಕ ಹಣೆಗೇರಿಸಿ, ಬಲಗಡೆಯ ಕೊನೆಯ ಗೆರೆ ಕೊಕ್ಕೆಯಾಗಿ ಮೇಲೆದ್ದ ತುದಿಗೆ ಮೂಗು ತಾಗಿಸಿದರು.

"ಇದು?"

ಕೊಕ್ಕೆಯ ತುದಿಯಲ್ಲಿ ಕೂದಲೆಳೆಯಷ್ಟು ಬಿಳಿ, ಎರಡು ಮೂರು ಎಳೆ. ಬೆನ್ನಿ ಬಗ್ಗಿ ನೋಡಿ ಕೆಂಪಾದ. ಹದಿನೈದು ವರ್ಷದಲ್ಲಿ ಯಾರೂ ಅವನ ಪರೀಕ್ಷೆಯಲ್ಲಿ ಬಿಟ್ಟುಹೋದದ್ದನ್ನು ತೋರಿಸಿರಲಿಲ್ಲ. "ನಾನು... ನೋಡಲಿಲ್ಲ."

"ಕೆಟ್ಟ ಇನ್‌ಸ್ಪೆಕ್ಟರ್," ಎಂದರು ಶೆನ್. ಅಲ್ಲಿಂದ ಬಹಳ ಹೊತ್ತು ಅವರು ಮುಖ ತೆಗೆಯಲಿಲ್ಲ. "ಗುರು ಕುಂಚ ಎತ್ತಿದ್ದು ಇಲ್ಲಿಂದ."

ಹೊರಡುವಾಗ ಬಿಸಿಲು ಇಳಿದಿತ್ತು. ಬೆನ್ನಿ ತಲೆ ಎತ್ತದೆ ಕಾರಿನ ತನಕ ನಡೆದ. ಇನ್ನೇನು ಗೇರ್ ಹಾಕಬೇಕು, ಶೆನ್ ಬನಿಯನ್ನಿನಲ್ಲೇ ಬಂದು ಕಿಟಕಿ ತಟ್ಟಿದರು.

"ಭಾನುವಾರ ಬೆಳಿಗ್ಗೆ ಆರು ಗಂಟೆ, ಏರ್‌ಪೋರ್ಟ್. ಈ ಕಾರು ಸಾಲದು, ದೊಡ್ಡದು ತಾ. ನಾಲ್ಕು ಸೂಟ್‌ಕೇಸ್, ಒಂದು ರೈಸ್ ಕುಕ್ಕರ್, ಈ ಗಾಜಿನ ಫ್ರೇಮ್. ಲೇಟ್ ಮಾಫಿ!"

ಹಿಂತಿರುಗಿ ನೋಡಿದಾಗ ಅವರು ಆಗಲೇ ಒಳಗೆ ಹೋಗಿದ್ದರು.

"ನಾಲ್ಕು ಸೂಟ್‌ಕೇಸಂತೆ!" ಎಂದ ಬೆನ್ನಿ. "ಆರು ಗಂಟೆಗಂತೆ! ನಾನೆಂತ ಇವರ ಡ್ರೈವರಾ? ದೊಡ್ಡ ಕಾರು ಎಲ್ಲಿಂದ ತರೋದು ಟೀಚರ್, ಹೇಳಿ! ರೈಸ್ ಕುಕ್ಕರ್ ಯಾರಾದ್ರೂ ವಿಮಾನದಲ್ಲಿ ಒಯ್ತಾರಾ? ಚೀನಾದಲ್ಲಿ ಸಿಗೋದಿಲ್ವಾ?"

ಅಲ್ ಥುಮಾಮಾ ತಲುಪುವವರೆಗೆ ಒಂದು ನಿಮಿಷವೂ ಬಿಡದೆ ಹೀಗೆ ಗೊಣಗಿದ. ಅವನು ಅಷ್ಟು ಸಂತೋಷವಾಗಿದ್ದುದನ್ನು ನಾನು ಅವನ ಮದುವೆಯಲ್ಲೂ ಕಂಡಿರಲಿಲ್ಲ.