ಕಾಣೆಯಾದ ಬಾಂದುಕಲ್ಲು

ಹೋದ ವಾರ ಇಳಕಲ್ಲಿನ ಅಂಗಡಿಯೊಂದರಲ್ಲಿ ಯಾರೋ ತುಕ್ಕು ಹಿಡಿದ ಸರಪಳಿಯನ್ನು ಸೀಮೆಎಣ್ಣೆ ಬಟ್ಟೆಯಿಂದ ಒರೆಸುತ್ತಿದ್ದರು. ವಾಸನೆ ಮೂಗಿಗೆ ಬಡಿದದ್ದೇ ಬಾಗಿಲಲ್ಲೇ ನಿಂತುಬಿಟ್ಟೆ. ಹೊಲ ಅಳೆಯುತ್ತಿದ್ದ ನಮ್ಮ ಮೋಜಣಿದಾರರ ಕೈಗೆ, ಅಂಗಿಗೆ, ಕೊನೆಗೆ ಅವರ ರೊಟ್ಟಿಯ ಗಂಟಿಗೂ ಇದೇ ವಾಸನೆ ಇರುತ್ತಿತ್ತು...

ಅದು ಎಪ್ಪತ್ತರ ದಶಕದ ಕೊನೆ. ನಾನು ಹುನಗುಂದದ ಕೋರ್ಟಿನಲ್ಲಿ ಹೊಸ ವಕೀಲ. ಹೊಲದ ಗಡಿಯ, ಹದ್ದಿನ ತಂಟೆ ಬಂದರೆ, ಸ್ಥಳಕ್ಕೆ ಹೋಗಿ ಅಳತೆ ಮಾಡಿಸಿ ವರದಿ ಕೊಡಲು ನ್ಯಾಯಾಧೀಶರು ನನ್ನಂಥ ಕಿರಿಯರನ್ನು ಕಮಿಷನರ್ ಎಂದು ನೇಮಿಸುತ್ತಿದ್ದರು. ಸರಪಳಿ ಹಾಕಿಸಿ ಅಳೆಯುವವರು ಆ ಮೋಜಣಿದಾರರು. ಸಣಕಲು ದೇಹ, ಮಾತು ಕಡಿಮೆ. ಹೊಲಕ್ಕೆ ಕಾಲಿಡುವ ಮೊದಲು ಚಪ್ಪಲಿ ಬಿಡುತ್ತಿದ್ದರು. ಹದ್ದಿಗೆ ನೆಟ್ಟ ಬಾಂದುಕಲ್ಲು ಹೂತುಹೋಗಿದ್ದರೆ, ಉದ್ದನೆಯ ಹಾರೆಯನ್ನು ನೆಲಕ್ಕೆ ಚುಚ್ಚಿ ಸದ್ದಿಗೆ ಕಿವಿಗೊಡುತ್ತಿದ್ದರು.

ಗುಡೂರಿನ ಕಡೆಯ ಆ ದಾವೆ ಒಂದೇ ಮನೆಯವರದು. ಅಣ್ಣ ತೀರಿಕೊಂಡಿದ್ದ, ಅವನ ಹೆಂಡತಿ, ಮಗ ಒಂದು ಕಡೆ. ತಮ್ಮ ಇನ್ನೊಂದು ಕಡೆ. ಅಣ್ಣ ಬದುಕಿದ್ದಾಗಲೇ ಮೂಲೆಯ ಬಾಂದುಕಲ್ಲು ಕಿತ್ತು, ಬದುವನ್ನು ತಮ್ಮನ ಹೊಲದೊಳಕ್ಕೆ ಸರಿಸಿದ ಎಂಬುದು ದೂರು. ಬದು ಇದ್ದಲ್ಲೇ ಹದ್ದು ಎಂದು ಮಗನ ಹಟ. ಇಬ್ಬರೂ ಒಮ್ಮೆ ಕೊಡಲಿ ಎತ್ತಿದ್ದರು.

ನಾವು ಹೋದದ್ದು ಬೇಸಗೆಯ ನಡುಮಧ್ಯಾಹ್ನ. ಜೋಳದ ಕೂಳೆಯ ಎರೆಹೊಲ, ಒಂದು ಹಕ್ಕಿಯ ದನಿಯೂ ಇಲ್ಲ. ಉಳಿದ ಮೂರು ಮೂಲೆಯ ಕಲ್ಲುಗಳು ನೆಟ್ಟಗಿದ್ದವು. ಅವುಗಳಿಂದ ಹಳೆಯ ನಕಾಶೆಯಂತೆ ಅಳೆದಾಗ ನಾಲ್ಕನೆಯ ಗುರುತು ಬದುವಿನಿಂದ ಹನ್ನೆರಡು ಹೆಜ್ಜೆ ಅಣ್ಣನ ಹೊಲದ ಕಡೆಗೆ, ಒಂದು ಮಣ್ಣಿನ ದಿಬ್ಬದ ಮೇಲೆ ಬಿತ್ತು. ಅದು ಅಣ್ಣನ ಸಮಾಧಿ. ಇನ್ನೊಂದು ದಿಕ್ಕಿನಿಂದ ಅಳೆದರು. ಅಲ್ಲಿಗೇ ಬಂತು. ಮೂರನೆಯ ಸಲವೂ ಅಲ್ಲಿಗೇ... ಸರಪಳಿ ಹಿಡಿದ ಆಳುಗಳು ಅದನ್ನು ಕೈಬಿಟ್ಟು ಹಿಂದೆ ಸರಿದರು.

"ಅಗದು ನೋಡೂಣ್ರಿ," ಎಂದ ತಮ್ಮ.

ಮಗ ಅಡ್ಡ ನಿಂತ. "ನಮ್ಮಪ್ಪನ ಮ್ಯಾಲ ಗುದ್ದಲಿ ಬಿದ್ರ ಇವತ್ತ ಇಲ್ಲೇ ಹೆಣಾ ಬೀಳತಾವ ನೋಡ್ರಿ."

ಮೋಜಣಿದಾರರು ದಿಬ್ಬದ ಬುಡದಲ್ಲಿ ಹಾರೆ ನಿಲ್ಲಿಸಿದರು. ಬಿಸಿಲಿಗೆ ಹೆಂಚಿನಂತೆ ಗಟ್ಟಿಯಾದ ನೆಲ. ಆದರೂ ಹಾರೆ ಸರ್ರನೆ ಇಳಿಯಿತು. ಒಂದು ಹಿಡಿಯಷ್ಟು ಹೊರಗುಳಿದಾಗ ಕೆಳಗೆ ಠಣ್ ಎಂದಿತು.

ಜಾಲಿಯ ನೆರಳಲ್ಲಿ ಕುಳಿತಿದ್ದ ಅಣ್ಣನ ಹೆಂಡತಿ ಎದ್ದು ಬಂದಳು.

"ಅಗೀಬ್ಯಾಡ್ರಿ ಯಪ್ಪಾ. ಕಲ್ಲು ಅಲ್ಲೇ ಐತಿ. ಅದರ ಮ್ಯಾಲ ಅವರು ಕುಂತಾರ."

ನಮ್ಮ ಕಡೆ ಸತ್ತವರನ್ನು ಕೂರಿಸಿಯೇ ಮಣ್ಣು ಮಾಡುತ್ತಾರೆ.

"ಸಾಯೂ ಮುಂದ ಕೈ ಹಿಡಕೊಂಡು ಹೇಳಿದ್ರು. ಕಲ್ಲು ಕಿತ್ತ ಜಾಗಾದಾಗ ನನ್ನ ಕುಂಡರಸು, ಕಲ್ಲು ಬುಡಕ ಇಡು ಅಂದ್ರು. ಕುಣಿ ತೋಡಿದಾಂವನ ಕಡಿಂದ ಮೊದಲ ಇಡಿಸಿದ್ನಿ. ಮಗಗ ಹೇಳಾಕ ಧೈರ್ಯ ಆಗಲಿಲ್ಲ."

ತಮ್ಮ ಕೂಳೆಯ ಮೇಲೆಯೇ ಕುಸಿದು ಕೂತ. "ಇದನ್ನ ಮೊದಲ ಹೇಳಿದ್ರ ನಾ ಕೋರ್ಟಿನ ಮೆಟ್ಟಲಾ ಹತ್ತತಿದ್ನೇನು, ಅತ್ತಿಗಿ?" ಎಂದು ಅತ್ತ. ಅಗೆಯುವ ಮಾತು ಮತ್ತೆ ಬರಲಿಲ್ಲ. ಸಮಾಧಿಯೇ ಮೂಲೆಯ ಗುರುತು ಎಂದು ವರದಿ ಕೊಟ್ಟೆವು, ತೀರ್ಪೂ ಹಾಗೇ ಆಯಿತು. ಮುಂಗಾರಿಗೆ ಮೊದಲು ಮಗ ತಾನೇ ನಿಂತು ಬದು ಒಡೆಸಿದನಂತೆ.

ತಿರುಗಿ ಬರುವಾಗ ಬಸ್ಸಿನಲ್ಲಿ ಮೋಜಣಿದಾರರು ಅಂಗೈ ನೋಡಿಕೊಳ್ಳುತ್ತಲೇ ಇದ್ದರು. ಆಮೇಲೆ ಮೆಲ್ಲಗೆ ಕೇಳಿದರು.

"ವಕೀಲ್ರ, ಆ ಹಾರಿ ನಾ ಒತ್ತಲಿಲ್ರಿ. ಕೆಳಗಿಂದ ಯಾರೋ ಜಗ್ಗಿದಂಗಾತು. ನೀವೇನರೆ ನೋಡಿದ್ರ್ಯಾ?"

"ಬಿಸಲಿಗೆ ಹಂಗ ಅನಸತೈತ್ರಿ," ಎಂದು ನಕ್ಕುಬಿಟ್ಟೆ.

ಅವರು ಮತ್ತೆ ಹಾರೆ ಮುಟ್ಟಲಿಲ್ಲ. ಕೇಳಿಕೊಂಡು ಕಚೇರಿಯೊಳಗಿನ ಕೆಲಸ ಹಾಕಿಸಿಕೊಂಡರು. ಹಳೆಯ ನಕಾಶೆಗಳ ನಕಲು ತೆಗೆಯುತ್ತ ಕೂತಿರುತ್ತಿದ್ದರು. ನಾನು ಹೋದಾಗಲೆಲ್ಲ ತಲೆ ಎತ್ತಿ ಒಂದು ಗಳಿಗೆ ನೋಡುತ್ತಿದ್ದರು, ನಾನು ಬೇರೆ ಮಾತು ತೆಗೆಯುತ್ತಿದ್ದೆ... ಎಂಬತ್ತರ ದಶಕದಲ್ಲಿ ತಮ್ಮೂರು ಬಾದಾಮಿಯಲ್ಲಿ ತೀರಿಕೊಂಡರು. ಸುದ್ದಿ ತಿಳಿದು ನಾನು ಹೋಗುವಷ್ಟರಲ್ಲಿ ಎಲ್ಲ ಮುಗಿದಿತ್ತು.

ನನಗೀಗ ಎಪ್ಪತ್ತು ದಾಟಿದೆ. ಆ ಮಧ್ಯಾಹ್ನ ನಾನು ಅವರ ಎದುರಿಗೇ ನಿಂತಿದ್ದೆ. ಹಾರೆ ಇಳಿಯುವಾಗ ಅವರ ಎರಡೂ ಕೈ ಅದನ್ನು ಬಿಟ್ಟಿದ್ದವು. ನಾನು ಕಣ್ಣಾರೆ ಕಂಡೆ. ವರದಿಯಲ್ಲಿ ಬರೆಯಲಿಲ್ಲ, ಸರಿ. ಅವರೊಬ್ಬರಿಗಾದರೂ ಹೌದು ಎನ್ನಬಹುದಿತ್ತು.