ದೊಡ್ಡಮ್ಮನಿಗೆ ನಾನು ಕೊಟ್ಟ ಪೋರ್ಟ್ ಸಂಖ್ಯೆ

ಓದುಗರಲ್ಲಿ ಮೊದಲಿಗೇ ಅರಿಕೆ ಮಾಡಿಕೊಳ್ಳಬೇಕಾದದ್ದು, ನಾನು ಬರಹಗಾರನಲ್ಲ. ಕಚೇರಿಯೊಂದರ ಟಪಾಲು ಶಾಖೆಯಲ್ಲಿ ಬಹುಕಾಲದಿಂದ ಕೆಲಸ ಮಾಡುತ್ತಿದ್ದೇನೆ. ಬಂದ ಪತ್ರ ಯಾವ ಶಾಖೆಗೆ ಸೇರಿದ್ದೆಂದು ನೋಡಿ ಅಲ್ಲಿಗೆ ಕಳುಹಿಸುವುದು, ಹೋಗುವ ಪತ್ರದ ಭಾಷೆ ತಿದ್ದುವುದು ನನ್ನ ಕೆಲಸ. ಬೇರೆ ರೀತಿಯಲ್ಲಿ ಬರೆದು ಅಭ್ಯಾಸವಿಲ್ಲ. ಆದಕಾರಣ ಈ ಬರಹದಲ್ಲಿ ಅಲ್ಲಲ್ಲಿ ಕಚೇರಿಯ ವಾಸನೆ ಬಂದರೆ ದಯಮಾಡಿ ಸಹಿಸಿಕೊಳ್ಳಬೇಕು.

ವಿಷಯ, ಕಳೆದ ನವರಾತ್ರಿಯದು.

ಒಂಟಿಕೊಪ್ಪಲಿನಲ್ಲಿ ನಾವಿರುವುದು ಮಹಡಿ ಮನೆ. ಮೆಟ್ಟಿಲು ಕಡಿದು. ನಮ್ಮ ಕುಟುಂಬದ ದಸರಾ ಗೊಂಬೆಗಳು ಮೂರು ಟ್ರಂಕುಗಳಲ್ಲಿ ನಮ್ಮ ಮನೆಯ ಅಟ್ಟದ ಮೇಲಿವೆ. ಅವುಗಳನ್ನು ಪ್ರತಿ ವರ್ಷ ಇಳಿಸಿ, ಒರೆಸಿ, ಮೆಟ್ಟಿಲು ಜೋಡಿಸಿ ಕೂರಿಸುವ ಕೆಲಸ ನನ್ನದು ಮತ್ತು ನನ್ನ ಪತ್ನಿಯದು. ಆದರೆ ಪಾಡ್ಯದ ದಿನ ಎಲ್ಲಕ್ಕಿಂತ ಮೇಲಿನ ಸಾಲಿನಲ್ಲಿ ಪಟ್ಟದ ಗೊಂಬೆಗಳನ್ನು, ಅಂದರೆ ಮರದ ರಾಜ ರಾಣಿಯರನ್ನು, ಕೂರಿಸುವ ಹಕ್ಕು ನಮ್ಮ ದೊಡ್ಡಮ್ಮನದು. ಅವರು ಶ್ರೀರಾಂಪುರದಲ್ಲಿ ಮಗ ಸೊಸೆಯ ಜೊತೆ ಇದ್ದಾರೆ. ಪಾಡ್ಯದ ಸಂಜೆ ಆಟೋದಲ್ಲಿ ಬಂದು, ಏದುಸಿರು ಬಿಡುತ್ತಾ ಮೆಟ್ಟಿಲು ಹತ್ತಿ, ನೀರನ್ನೂ ಕುಡಿಯದೆ ನೇರ ಗೊಂಬೆಗಳ ಮುಂದೆ ನಿಂತು, "ಎಲ್ಲಿ, ಕೊಡ್ರೋ ನನ್ ಮಗ ಸೊಸೇನ" ಎಂದು ಕೈ ಚಾಚುತ್ತಿದ್ದರು. ಅವರು ಕೂರಿಸಿದ ಮೇಲೆಯೇ ಆರತಿ.

ಈ ವರ್ಷ ಬೇಸಿಗೆಯಲ್ಲಿ ಬಚ್ಚಲಿನಲ್ಲಿ ಜಾರಿ ಅವರ ಸೊಂಟದ ಮೂಳೆ ಮುರಿಯಿತು. ಶಸ್ತ್ರಚಿಕಿತ್ಸೆ ಸರಿಯಾಗಿ ಆಯಿತು. ಮನೆಯೊಳಗೆ ವಾಕರ್ ಹಿಡಿದು ಓಡಾಡುತ್ತಾರೆ, ಕಾಫಿ ತಾವೇ ಮಾಡಿಕೊಳ್ಳುತ್ತಾರೆ. ಆದರೆ ನಮ್ಮ ಮೆಟ್ಟಿಲು ಹತ್ತುವುದು ಸಾಧ್ಯವಿಲ್ಲ. ಮಲಗಿದ್ದ ದಿನಗಳಲ್ಲಿ ಮೊಮ್ಮಗಳು ಅವರ ಕೈಗೆ ಒಂದು ಟ್ಯಾಬ್ ಕೊಟ್ಟು ಒಂದು ಆಟ ಕಲಿಸಿದ್ದಳು. ಚೌಕ ಚೌಕವಾದ ಇಟ್ಟಿಗೆಗಳನ್ನು ಪೇರಿಸಿ ಮನೆ, ತೋಟ, ಊರು ಕಟ್ಟುವ ಆಟ. ದೊಡ್ಡಮ್ಮ ಅದರಲ್ಲಿ ಬಾವಿ ತೋಡಿದರು, ಕುಂಬಳಕಾಯಿ ಬೆಳೆದರು, ದನದ ಕೊಟ್ಟಿಗೆ ಕಟ್ಟಿದರು. ನೋಡಲು ಹೋದವರಿಗೆಲ್ಲ ಸೊಂಟದ ವಿಷಯ ಬಿಟ್ಟು ಕೊಟ್ಟಿಗೆಯ ವಿಷಯ ಹೇಳುತ್ತಿದ್ದರು.

ಅದನ್ನು ಕಂಡು ನನಗೆ ಒಂದು ಯೋಚನೆ ಬಂತು. ಅದೇ ಆಟದೊಳಗೆ ನಾನು ನಮ್ಮ ಗೊಂಬೆಗಳ ಮೆಟ್ಟಿಲು ಕಟ್ಟಿ, ನಮ್ಮ ಲ್ಯಾಪ್‌ಟಾಪಿನಲ್ಲಿ ಅದಕ್ಕೊಂದು ಸರ್ವರ್, ಅಂದರೆ ದೂರದವರೂ ಬಂದು ಸೇರುವ ವ್ಯವಸ್ಥೆ, ಇಟ್ಟರೆ, ದೊಡ್ಡಮ್ಮ ಶ್ರೀರಾಂಪುರದಲ್ಲಿ ಕುಳಿತೇ ಒಳಗೆ ಬಂದು ತಮ್ಮ ಕೈಯಾರೆ ಪಟ್ಟದ ಗೊಂಬೆ ಕೂರಿಸಬಹುದು. ಈ ಯೋಚನೆಯನ್ನು ನಾನು ನನ್ನಲ್ಲೇ ಇಟ್ಟುಕೊಂಡು ಪರೀಕ್ಷಿಸಬೇಕಿತ್ತು. ಬದಲಿಗೆ ಅದೇ ದಿನ ಕುಟುಂಬದ ವಾಟ್ಸಾಪ್ ಗುಂಪಿನಲ್ಲಿ ಪ್ರಕಟಿಸಿದೆ. ಹೊಗಳಿಕೆಗಳು ಬಂದವು. ದೊಡ್ಡಮ್ಮ ಫೋನ್ ಮಾಡಿ, "ನಿಜವಾಗ್ಲೂ ನಾನೇ ಕೂರಿಸಬಹುದೇನೋ? ತಮಾಷೆ ಮಾಡ್ಬೇಡ ಕಣೋ" ಎಂದರು. ಆಗುತ್ತದೆ ಎಂದು ಭರವಸೆ ಕೊಟ್ಟೆ.

ಹೊರಗಿನವರು ನಮ್ಮ ಮನೆಯ ಸರ್ವರಿಗೆ ಬರಬೇಕಾದರೆ ಎರಡು ವಿವರ ಬೇಕು. ಒಂದು ಮನೆಯ ಅಂತರ್ಜಾಲ ವಿಳಾಸ. ಇನ್ನೊಂದು ಪೋರ್ಟ್ ಸಂಖ್ಯೆ. ನಮ್ಮ ಟಪಾಲು ಶಾಖೆಯ ರೀತಿಯಲ್ಲಿ ಹೇಳುವುದಾದರೆ, ವಿಳಾಸವು ಕಟ್ಟಡವನ್ನು ತಿಳಿಸುತ್ತದೆ, ಪೋರ್ಟ್ ಸಂಖ್ಯೆಯು ಶಾಖೆಯನ್ನು ತಿಳಿಸುತ್ತದೆ. ಈ ಸಂಖ್ಯೆಗೆ ಬಂದವರನ್ನು ಈ ಲ್ಯಾಪ್‌ಟಾಪಿಗೆ ಕಳುಹಿಸು ಎಂದು ಮನೆಯ ವೈಫೈ ಪೆಟ್ಟಿಗೆಗೆ ಮೊದಲೇ ಸೂಚನೆ ಕೊಟ್ಟಿರಬೇಕು. ನಾನು ಅಂತರ್ಜಾಲದಲ್ಲಿ ಹುಡುಕಿ, ಮೊದಲು ಸಿಕ್ಕಿದ ಪುಟದಲ್ಲಿ ಆಟದ ಹೆಸರಿನ ಮುಂದೆ 25565 ಎಂದು ಇದ್ದುದನ್ನು ಬರೆದುಕೊಂಡೆ. ಪೆಟ್ಟಿಗೆಗೆ ಅದನ್ನೇ ಸೂಚಿಸಿದೆ. ನಂತರ ನಮ್ಮ ಟ್ಯಾಬಿನಲ್ಲಿ ಆಟ ತೆರೆದೆ. ಪಟ್ಟಿಯಲ್ಲಿ ನಮ್ಮ ಸರ್ವರ್ ಕಾಣಿಸಿತು, ಮುಟ್ಟಿದೊಡನೆ ಒಳಗೆ ಹೋದೆ. ಪತ್ನಿಯ ಫೋನಿನಲ್ಲೂ ಹೋಯಿತು. ಪರೀಕ್ಷೆ ಮುಗಿಯಿತೆಂದು ತೀರ್ಮಾನಿಸಿದೆ.

ಪಾಡ್ಯದ ಸಂಜೆ ಮನೆಯಲ್ಲಿ ನಿಜವಾದ ಗೊಂಬೆಗಳು ಒಂದು ಕಡೆ, ಟಿವಿಯ ಪರದೆಯ ಮೇಲೆ ಆಟದ ಗೊಂಬೆಗಳು ಇನ್ನೊಂದು ಕಡೆ. ಅರಿಶಿನ ಕುಂಕುಮಕ್ಕೆ ಬಂದ ಅಕ್ಕಪಕ್ಕದವರೂ ಕುಳಿತಿದ್ದರು. ಮರದ ರಾಜ ರಾಣಿಯರನ್ನು ಪತ್ನಿ ಕೂರಿಸಿದ್ದಾಗಿತ್ತು. ಆಟದ ಮೇಲಿನ ಸಾಲನ್ನು ಮಾತ್ರ ದೊಡ್ಡಮ್ಮನಿಗಾಗಿ ಖಾಲಿ ಬಿಟ್ಟಿದ್ದೆ. ಫೋನಿನ ಸ್ಪೀಕರ್ ಹಾಕಿ ಅವರಿಗೆ ಒಂದೊಂದಾಗಿ ಹೇಳತೊಡಗಿದೆ.

"ವಿಳಾಸ ಹಾಕಿದೆ. ಆಮೇಲೆ?"

"ಕೆಳಗೆ ಪೋರ್ಟ್ ಅಂತ ಇದೆಯಲ್ಲ, ಅಲ್ಲಿ ಸಂಖ್ಯೆ ಹಾಕಿ ದೊಡ್ಡಮ್ಮ."

"ಇಲ್ಲಿ ಆಗ್ಲೇ ಏನೋ ನಂಬರ್ ಕೂತಿದೆಯಲ್ಲೋ. ಅದೇ ಇರ್ಲಾ?"

"ಅದು ಬೇಡ. ಅಳಿಸಿ. ನಾನು ಹೇಳಿದ್ದು ಹಾಕಿ."

"ಎರಡು, ಐದು, ಐದು, ಆರು, ಐದು. ಹಾಕ್ದೆ."

ಬಂದ ಉತ್ತರ, ಸಂಪರ್ಕಿಸಲು ಸಾಧ್ಯವಿಲ್ಲ ಎಂದು. ಮತ್ತೆ ಹಾಕಿಸಿದೆ. ಮತ್ತೆ ಅದೇ ಉತ್ತರ. ಅವರು ಪ್ರತಿ ಸಲ ಅಂಕಿಗಳನ್ನು ಜೋರಾಗಿ ಓದಿ ಹೇಳಿದರು. ಒಮ್ಮೆಯೂ ತಪ್ಪಲಿಲ್ಲ. ನಾನು ಮಾತ್ರ, ನಡುವೆ ಖಾಲಿ ಜಾಗ ಬಿಟ್ಟಿರಬಹುದು, ಬೆರಳು ಪಕ್ಕಕ್ಕೆ ತಾಗಿರಬಹುದು ಎನ್ನುತ್ತಲೇ ಇದ್ದೆ. ಅಲ್ಲಿ ಶ್ರೀರಾಂಪುರದ ಮನೆಯ ಅಡುಗೆಮನೆಯಿಂದ ಬಂದ ಅತ್ತಿಗೆ, ಅಂದರೆ ದೊಡ್ಡಮ್ಮನ ಸೊಸೆ, ಫೋನಿನ ಹತ್ತಿರ ಬಾಯಿಟ್ಟು ಹೇಳಿದರು.

"ನಿಮ್ಮ ಸರ್ವರ್ರೂ ನಿಮ್ಮ ಆಫೀಸ್ ಥರಾನೇ ಕಣ್ರೀ. ಬೋರ್ಡಲ್ಲಿ ತೆರೆದಿದೆ ಅಂತಿರತ್ತೆ, ಒಳಗೆ ಮಾತ್ರ ಬಿಡಲ್ಲ."

ನೆರೆದವರು ನಕ್ಕರು. ನನ್ನ ಮುಖ ಬಿಸಿಯಾಯಿತು. "ಇಲ್ಲಿ ಎಲ್ಲಾ ಸರಿಯಾಗಿದೆ ಅತ್ತಿಗೆ, ನೋಡಿ, ನಾನು ಈಗಲೂ ಒಳಗೇ ಇದ್ದೀನಿ" ಎಂದೆ.

ಸ್ವಲ್ಪ ಹೊತ್ತಾದ ಮೇಲೆ ದೊಡ್ಡಮ್ಮ ಸಣ್ಣ ದನಿಯಲ್ಲಿ, "ನಂದೇ ಏನೋ ತಪ್ಪಿರ್ಬೇಕು ಬುಡು. ನೀನೇ ಕೂರಿಸ್ಬುಡು, ಹೊತ್ತಾಯ್ತು" ಎಂದು ಫೋನ್ ಇಟ್ಟರು. ನಾನು ಆಟದ ರಾಜ ರಾಣಿಯರನ್ನು ನಾನೇ ಕೂರಿಸಿದೆ. ಬಳಿಕ ಚಿತ್ರ ತೆಗೆದು ಕುಟುಂಬದ ಗುಂಪಿಗೆ ಹಾಕಿ, ಅದರ ಕೆಳಗೆ ಬರೆದೆ. ನಾನು ಬರೆದದ್ದನ್ನು ಇಲ್ಲಿ ಯಥಾವತ್ತಾಗಿ ಕೊಡುವುದು ನನ್ನ ಕರ್ತವ್ಯವೆಂದು ಭಾವಿಸುತ್ತೇನೆ:

"ಎಲ್ಲರ ಗಮನಕ್ಕೆ. ಸರ್ವರ್ ಸುಸ್ಥಿತಿಯಲ್ಲಿರುತ್ತದೆ. ದೊಡ್ಡಮ್ಮನವರಿಗೆ ವಯೋಸಹಜ ಕಾರಣಗಳಿಂದ ಸಂಖ್ಯೆಯನ್ನು ಸರಿಯಾಗಿ ನಮೂದಿಸಲು ಸಾಧ್ಯವಾಗದಿದ್ದರಿಂದ, ಅವರ ಪರವಾಗಿ ಗೊಂಬೆಗಳನ್ನು ನಾನೇ ಕೂರಿಸಿರುತ್ತೇನೆ."

ಎಲ್ಲರೂ ಕೈಮುಗಿದ ಚಿಹ್ನೆ ಕಳುಹಿಸಿದರು. ದೊಡ್ಡಮ್ಮ ಏನೂ ಕಳುಹಿಸಲಿಲ್ಲ.

ಕೆಲವು ದಿನಗಳ ನಂತರ ಬೆಳಿಗ್ಗೆ ಪೂಜೆಯ ಸಾಮಾನಿಗೆಂದು ದೇವರಾಜ ಮೊಹಲ್ಲಾಕ್ಕೆ ಹೋಗಿದ್ದೆ. ಪರಿಚಯದ ಅಂಗಡಿಯವರು ಕರ್ಪೂರ ಕಟ್ಟುತ್ತಾ, "ಗೊಂಬೆ ಕೂರಿಸಿದ್ರಾ ಸಾರ್?" ಎಂದರು. ಮೊಬೈಲಿನಲ್ಲೇ ತೋರಿಸುತ್ತೇನೆ ಎಂದು ಹೆಮ್ಮೆಯಿಂದ ಆಟ ತೆರೆದೆ. ಪಟ್ಟಿಯಲ್ಲಿ ನಮ್ಮ ಸರ್ವರ್ ಇರಲಿಲ್ಲ. ಆಶ್ಚರ್ಯವಾಯಿತು. ಸರಿ, ಎಂದು ವಿಳಾಸ ಹಾಕಿದೆ. ಪೋರ್ಟ್ ಜಾಗದಲ್ಲಿ ಯಾವುದೋ ಸಂಖ್ಯೆ ಮೊದಲೇ ಇತ್ತು. ಅದನ್ನು ಅಳಿಸಿ 25565 ಹಾಕಿದೆ. ಸಂಪರ್ಕಿಸಲು ಸಾಧ್ಯವಿಲ್ಲ ಎಂದು ಬಂತು.

"ನೆಟ್‌ವರ್ಕ್ ಇಲ್ವೇನೋ ಬುಡಿ ಸಾರ್, ಈ ಕಡೆ ಅಂಗೇ" ಎಂದರು ಅಂಗಡಿಯವರು. ಅವರು ಸುಲಭದ ದಾರಿಯನ್ನು ತೋರಿಸಿದ್ದರು. ಆದರೆ ಅದೇ ಮೊಬೈಲಿನಲ್ಲಿ ಪತ್ನಿ ಕಳುಹಿಸಿದ ಸಾಮಾನಿನ ಚಿತ್ರಗಳು ಒಂದರ ಹಿಂದೊಂದು ಬರುತ್ತಿದ್ದವು. ನಾನು ಕರ್ಪೂರವನ್ನು ಅಲ್ಲೇ ಬಿಟ್ಟು ಹೊರಟವನು, ಅವರು ಕೂಗಿ ಕರೆದ ಮೇಲೆ ಹಿಂತಿರುಗಿ ತೆಗೆದುಕೊಂಡೆ.

ಮನೆಗೆ ಬಂದು, ಆ ಪುಟವನ್ನು ಈ ಸಲ ಕೊನೆಯವರೆಗೆ ಓದಿದೆ. ನಾನು ಬರೆದುಕೊಂಡಿದ್ದ ಸಂಖ್ಯೆ, ಕಂಪ್ಯೂಟರಿನಲ್ಲಿ ಆಡುವ ಬೇರೊಂದು ಆವೃತ್ತಿಯದು. ಟ್ಯಾಬ್ ಮತ್ತು ಮೊಬೈಲಿನಲ್ಲಿ ಆಡುವ ಆವೃತ್ತಿಯ ಸಂಖ್ಯೆ 19132. ಆಟವು ಆ ಸಂಖ್ಯೆಯನ್ನು ತಾನಾಗಿಯೇ ತುಂಬಿ ಇಟ್ಟಿರುತ್ತದೆ. ದೊಡ್ಡಮ್ಮ "ಅದೇ ಇರ್ಲಾ" ಎಂದು ಕೇಳಿದ್ದು ಅದನ್ನೇ. ಅಳಿಸಿ ಎಂದವನು ನಾನು. ಇನ್ನು ನಮ್ಮ ಮನೆಯಲ್ಲಿ ನಾನು ನಡೆಸಿದ ಪರೀಕ್ಷೆ ಪರೀಕ್ಷೆಯೇ ಆಗಿರಲಿಲ್ಲ. ಒಂದೇ ವೈಫೈಯಲ್ಲಿರುವ ಸರ್ವರನ್ನು ಆಟವು ತಾನೇ ಹುಡುಕಿ ತೋರಿಸುತ್ತದೆ. ಅದಕ್ಕೆ ವಿಳಾಸವೂ ಬೇಡ, ಸಂಖ್ಯೆಯೂ ಬೇಡ. ಮನೆಯೊಳಗಿದ್ದವನು ಮನೆಯೊಳಗೆ ಬಂದು, ಬಾಗಿಲು ಸರಿಯಾಗಿದೆ ಎಂದು ಸಾರಿದ ಹಾಗೆ. ಜೀವನವೆಲ್ಲ ಪತ್ರಗಳನ್ನು ಸರಿಯಾದ ಶಾಖೆಗೆ ಕಳುಹಿಸಿದವನು, ಸ್ವಂತ ದೊಡ್ಡಮ್ಮನನ್ನು ಇಲ್ಲದ ಶಾಖೆಗೆ ಕಳುಹಿಸಿದ್ದೆ.

ಪೆಟ್ಟಿಗೆಯಲ್ಲಿ ಸಂಖ್ಯೆ ತಿದ್ದಿದೆ. ಫೋನಿನ ವೈಫೈ ಆರಿಸಿ, ಮೊಬೈಲ್ ಸಂಪರ್ಕದಿಂದ ಪರೀಕ್ಷಿಸಿದೆ. ಒಳಗೆ ಹೋಯಿತು. ನಂತರ ಗುಂಪಿಗೆ ಒಂದು ತಿದ್ದುಪಡಿ ಬರೆದು ಪತ್ನಿಗೆ ತೋರಿಸಿದೆ: "ತಾಂತ್ರಿಕ ಕಾರಣಗಳಿಂದ ಉಂಟಾಗಿದ್ದ ಅಡಚಣೆಯನ್ನು ಸರಿಪಡಿಸಲಾಗಿದೆ."

ಪತ್ನಿ ಓದಿ ಫೋನ್ ಹಿಂತಿರುಗಿಸಿದಳು. "ದೊಡ್ಡತ್ತೇದು ತಪ್ಪು ಅಂತ ಹಾಕೋವಾಗ ಅವರನ್ನ ಹೆಸರು ಹಿಡ್ದು ಹಾಕಿದ್ರಿ. ಈಗ ನಿಮ್ಮದು ಅಂದಾಗ ಯಾರೂ ಇಲ್ವಲ್ಲ ರೀ ಇದ್ರಲ್ಲಿ?"

 ಬರೆದದ್ದನ್ನು ಅಳಿಸಿ, ಆ ಸಂಜೆಯೇ ಶ್ರೀರಾಂಪುರಕ್ಕೆ ಹೊರಟೆ.

ದೊಡ್ಡಮ್ಮ ನಡುಮನೆಯಲ್ಲಿ ಕುರ್ಚಿಯ ಮೇಲೆ ಕುಳಿತಿದ್ದರು. ಕೈಯಲ್ಲಿ ಟ್ಯಾಬ್ ಇರಲಿಲ್ಲ. ಅದು ಮೊಮ್ಮಗಳ ಕೋಣೆಗೆ ಹೋಗಿತ್ತು. "ನಂಗ್ಯಾಕೋ ಅದೆಲ್ಲ, ಕಣ್ಣು ನೋಯತ್ತೆ" ಎಂದರು. ನಾನು, ಈಗ ಸರ್ವರ್ ಸರಿಯಾಗಿದೆ ಎಂದೆ. ಅವರು ನನ್ನನ್ನು ನೋಡದೆ, "ಪಾಡ್ಯ ಕಳೀತಲ್ಲ" ಎಂದರು. ಮಾತು ಬದಲಿಸಲು, "ನಿಮ್ಮ ಕೈಯ ಕಾಫಿ ಕುಡಿದು ಬಹಳ ದಿನ ಆಯ್ತು ದೊಡ್ಡಮ್ಮ" ಎಂದೆ.

"ಈಗ ನಾನು ಕಾಫಿ ಮಾಡಲ್ಲ. ಲೈಟರು ಫ್ರಿಜ್ಜಿನ ಮೇಲಿದೆ. ಕೈ ಎಟುಕಲ್ಲ."

ನನಗೆ ಅರ್ಥವಾಗಲಿಲ್ಲ. ಒಳಗಿನಿಂದ ಬಂದ ಅತ್ತಿಗೆ ತಗ್ಗಿದ ದನಿಯಲ್ಲಿ ವಿವರಿಸಿದರು. "ಬೇಜಾರ್ ಮಾಡ್ಕೋಬೇಡಿ. ನೀವೇ ಹಾಕಿದ್ರಲ್ಲ ಗ್ರೂಪಲ್ಲಿ. ಅದನ್ನ ನೋಡಿ ನಮ್ಮೋರಿಗೆ ಭಯ ಆಗೋಯ್ತು. ಐದು ಅಂಕಿ ನೆಟ್ಟಗೆ ಒತ್ತಕ್ಕಾಗಲ್ಲ ಅಂದ್ಮೇಲೆ ಗ್ಯಾಸ್ ಹಚ್ಚಿ ಮರೆತುಬಿಟ್ರೆ ಏನ್ ಗತಿ ಅಂತ. ಅತ್ತೇನೂ ಹೂಂ ಅಂದ್ರು."

ಆ ಸಂದೇಶವನ್ನು ನಾನು ಬರೆದದ್ದು ನೆರೆದವರ ನಗುವಿನಿಂದ ತಪ್ಪಿಸಿಕೊಳ್ಳಲು. ಅದು ಶ್ರೀರಾಂಪುರದ ಅಡುಗೆಮನೆಯನ್ನು ತಲುಪಿ ಲೈಟರನ್ನು ಫ್ರಿಜ್ಜಿನ ಮೇಲೆ ಇಡುತ್ತದೆಂದು ನಾನು ಎಣಿಸಿರಲಿಲ್ಲ. ದೊಡ್ಡಮ್ಮ ಹೂಂ ಎಂದದ್ದು ನನ್ನ ಮಾತನ್ನು ನಂಬಿ.

ಟ್ಯಾಬ್ ತರಿಸಿದೆ. ವಿಳಾಸ ಹಾಗೆಯೇ ಉಳಿದಿತ್ತು. "ನೀನೇ ಒತ್ತೋ" ಎಂದರು ದೊಡ್ಡಮ್ಮ. ಇಲ್ಲ, ನೀವೇ ಒತ್ತಬೇಕು ಎಂದೆ. ಒಂದು, ಒಂಬತ್ತು, ಒಂದು, ಮೂರು, ಎರಡು ಎಂದು ನಾನು ಹೇಳುತ್ತಾ ಹೋದಂತೆ ಅವರ ಬೆರಳು ಒಂದೊಂದರ ಮೇಲೂ ಅನುಮಾನದಿಂದ ನಿಂತು ಒತ್ತಿತು. ಆ ಅನುಮಾನ ಪಾಡ್ಯದ ಸಂಜೆ ಅವರ ದನಿಯಲ್ಲಿ ಇರಲಿಲ್ಲ. ಪರದೆ ಕ್ಷಣಕಾಲ ಕಪ್ಪಾಯಿತು. ಆಮೇಲೆ ನಮ್ಮ ಗೊಂಬೆಗಳ ಮೆಟ್ಟಿಲು ಕಾಣಿಸಿತು.

ದೊಡ್ಡಮ್ಮನ ಬಾಯಿಂದ "ಅಯ್ಯೋ" ಎಂದು ಮಾತ್ರ ಬಂತು.

ಅತ್ತಿಗೆ ಬಗ್ಗಿ ನೋಡಿದರು. "ಇದು ಬೇರೆ ನಂಬರಲ್ವಾ? ಅವತ್ತು ಅತ್ತೆ ಏನೊತ್ತಿದ್ರು ಹಾಗಾದ್ರೆ?"

ಅಂಗಡಿಯವರು ಹೇಳಿದ ನೆಟ್‌ವರ್ಕಿನ ಮಾತು ನಾಲಿಗೆಯ ತುದಿಗೆ ಬಂತು. ಹೇಳಿದ್ದರೆ ಅತ್ತಿಗೆ ನಂಬುತ್ತಿದ್ದರು. ದೊಡ್ಡಮ್ಮ ತಲೆ ಎತ್ತಲಿಲ್ಲ, ಆದರೆ ಅವರ ಬೆರಳು ಪರದೆಯ ಮೇಲೆ ನಿಂತುಹೋಯಿತು.

"ದೊಡ್ಡಮ್ಮ ಒತ್ತಿದ್ದು ಸರಿಯಾಗಿತ್ತು. ನಾನು ಕೊಟ್ಟ ನಂಬರೇ ತಪ್ಪು. ಅವರ ಟ್ಯಾಬಲ್ಲಿ ಸರಿಯಾದ ನಂಬರ್ ಮೊದಲೇ ಇತ್ತು, ಇರಲಾ ಅಂತ ಅವರು ಕೇಳಿದರು, ಅಳಿಸಿ ಅಂದವನು ನಾನು. ಗ್ರೂಪಲ್ಲಿ ಹಾಕಿದ್ದೂ ಸುಳ್ಳು."

"ಅಂದ್ರೆ, ಒಂದು ಸಲಾನೂ ತಪ್ಪೊತ್ತಿಲ್ವಾ?"

"ಒಂದು ಸಲಾನೂ ಇಲ್ಲ."

ಅತ್ತಿಗೆ ನನ್ನನ್ನು ನೋಡಿದರು. ಬೈಯುತ್ತಾರೆಂದುಕೊಂಡೆ.   ಅವರು ನೇರ ಅಡುಗೆಮನೆಗೆ ಹೋದರು. ನಡುಮನೆಯಿಂದ ಕಾಣುವಂತೆಯೇ, ಹಿಮ್ಮಡಿ ಎತ್ತಿ ಫ್ರಿಜ್ಜಿನ ಮೇಲೆ ತಡಕಿ, ಲೈಟರ್ ತೆಗೆದು, ಸ್ಟೌವಿನ ಪಕ್ಕ ಮೊಳೆಗೆ ನೇತುಹಾಕಿದರು.

ನಾನು ಅಲ್ಲೇ ಕುಳಿತು ಗುಂಪಿಗೆ ಬರೆದೆ. ಈ ಸಲ "ನಾನು" ಎಂದು ಪ್ರಾರಂಭಿಸಿದೆ. ಯಾರಿಂದಲೂ ಕೈಮುಗಿದ ಚಿಹ್ನೆ ಬರಲಿಲ್ಲ. ಕೊನೆಗೆ ದೊಡ್ಡಮ್ಮನ ಮಗನಿಂದ, "ಮೊದಲೇ ನೋಡ್ಕೋಬಾರದಿತ್ತೇನೋ" ಎಂದು ಒಂದೇ ಸಾಲು ಬಂತು. 

ದೊಡ್ಡಮ್ಮ ಅಷ್ಟರಲ್ಲಿ ಮೆಟ್ಟಿಲುಗಳ ಮುಂದೆ ನಿಂತಿದ್ದರು. ಅಂದರೆ, ಆಟದಲ್ಲಿ. ನೇರ ಮೇಲಿನ ಸಾಲಿಗೆ ಹೋಗಿ, ನಾನು ಕೂರಿಸಿದ್ದ ರಾಜ ರಾಣಿಯರನ್ನು ಕಿತ್ತುಬಿಟ್ಟರು.

"ರಾಣಿ ರಾಜನ ಎಡಕ್ಕೆ ಇರ್ಬೇಕು. ನಿನ್ನ ಎಡಕ್ಕಲ್ಲ."

ಎರಡನ್ನೂ ಅದಲುಬದಲು ಮಾಡಿ ಕೂರಿಸಿದರು.  ಕೆಳಗಿನ ಸಾಲಿನ ಆನೆಯನ್ನೂ ಕೇಳದೆ ಪಕ್ಕಕ್ಕೆ ಸರಿಸಿದರು. ಬಹಳ ಹೊತ್ತು ಅಲ್ಲೇ ಓಡಾಡಿದರು. ಆಟದ ದನವೊಂದು ಮೆಟ್ಟಿಲ ಹತ್ತಿರ ಸುಳಿದಾಡುತ್ತಿತ್ತು. ನಾನು ಕ್ಷಮೆ ಕೇಳಿದೆ. ಕೇಳಿಸಿತೋ ಇಲ್ಲವೋ, ಅವರು ಟ್ಯಾಬನ್ನು ನನ್ನ ತೊಡೆಯ ಮೇಲಿಟ್ಟು, "ಹಿಡ್ಕೋ, ಆ ದನ ಮೆಟ್ಟಿಲು ಹತ್ತದಂಗೆ ನೋಡ್ಕೋ" ಎಂದು ವಾಕರ್ ಎಳೆದುಕೊಂಡು ಎದ್ದರು.

ನಾನು ದನವನ್ನು ನೋಡಿಕೊಂಡು ಕುಳಿತೆ. ಅಡುಗೆಮನೆಯಲ್ಲಿ ಲೈಟರ್ ಒಂದು ಸಲ ಚಟ್ ಎಂದಿತು, ಸ್ಟೌ ಹೊತ್ತಲಿಲ್ಲ. ಅತ್ತಿಗೆ ಬಾಗಿಲ ಬಳಿಯೇ ನಿಂತಿದ್ದರು, ಆದರೆ ಒಳಗೆ ಹೋಗಲಿಲ್ಲ. ಎರಡನೆಯ ಸಲಕ್ಕೆ ಹೊತ್ತಿತು.